ಜಾರಿದ ಷಡ್ಜ

ಮಣ್ಣಿನ ಅಣೆಕಟ್ಟು ಒಡೆಯುವ ಮೊದಲು ಮಾತನಾಡುತ್ತದೆ. ಆ ಮಾತನ್ನು ಕೇಳಿಸಿಕೊಳ್ಳಲು ಎಂಜಿನಿಯರುಗಳು ಅದರ ಒಡಲಿನಲ್ಲಿ ತಂತಿಗಳನ್ನು ಹೂಳುತ್ತಾರೆ. ಬೆರಳುದ್ದದ ಒಂದು ಉಕ್ಕಿನ ತಂತಿ, ಅದನ್ನು ಬಿಗಿಹಿಡಿದ ತೆಳುವಾದ ಲೋಹದ ಪರದೆ, ಪಕ್ಕದಲ್ಲೊಂದು ವಿದ್ಯುತ್ ಸುರುಳಿ. ಇಷ್ಟೂ ಒಂದು ಕೊಳವೆಯೊಳಗೆ ಭದ್ರ. ಸುರುಳಿಯಲ್ಲಿ ವಿದ್ಯುತ್ತು ಮಿಡಿದಾಗ ತಂತಿಯು ಯಾರೋ ಮೀಟಿದಂತೆ ಕಂಪಿಸುತ್ತದೆ. ಮಣ್ಣಿನ ಕಣಗಳ ನಡುವಿನ ನೀರಿನ ಒತ್ತಡ ಹೆಚ್ಚಿದರೆ ಪರದೆ ಒಳಕ್ಕೆ ಬಾಗುತ್ತದೆ, ತಂತಿ ಸಡಿಲಾಗುತ್ತದೆ, ಅದರ ಸ್ವರ ಇಳಿಯುತ್ತದೆ. ಉಪಕರಣ ಹಳೆಯದೇ. ಶೀಗೆಹಳ್ಳ ಅಣೆಕಟ್ಟಿನಲ್ಲಿ ಹೊಸದಾಗಿ ನಡೆದದ್ದು ಇಷ್ಟು: ಆ ಸ್ವರವನ್ನು ಅಂಕಿಗಳಾಗಿ ಪರಿವರ್ತಿಸಿ ಓದುವ ಬದಲು ಅದನ್ನು ಸ್ವರವಾಗಿಯೇ ಕೇಳಬೇಕೆಂದು ಯಾರೋ ನಿರ್ಧರಿಸಿದರು.

ನಿರ್ಧಾರಕ್ಕೆ ಕಾರಣವಿತ್ತು. ಹಿಂದಿನ ನಿಯಂತ್ರಣ ಕೊಠಡಿಯಲ್ಲಿ ಎಚ್ಚರಿಕೆಯ ಗಂಟೆಗಳು ದಿನವಿಡೀ ಬಡಿದುಕೊಳ್ಳುತ್ತಿದ್ದವು. ಹೆಚ್ಚಿನವು ಹುಸಿ. ಬೇಸತ್ತ ಸಿಬ್ಬಂದಿ ಅವುಗಳ ಬಾಯಿ ಮುಚ್ಚಿದರು, ಮತ್ತು ನಿಜವಾದ ಗಂಟೆ ಬಡಿದ ದಿನ ಪಂಪುಮನೆ ಮುಳುಗುವವರೆಗೂ ಯಾರಿಗೂ ತಿಳಿಯಲಿಲ್ಲ. ಆಗ ಸಮಿತಿಯೊಂದು ವಾಮನ ಹುದ್ದಾರರನ್ನು ಕರೆಸಿತು.

ಹುದ್ದಾರರು ಧಾರವಾಡದವರು. ಅವರ ತಂದೆ ಹೆಸರಾಂತ ಗಾಯಕರೊಬ್ಬರ ಹಿಂದೆ ಕುಳಿತು ಜೀವಮಾನವಿಡೀ ತಂಬೂರಿ ಮೀಟಿದವರು. ಮಗನಿಗೂ ಮೊದಲ ಪಾಠ ಅದೇ. ಸಭೆಯ ಒಂದು ಕಣ್ಣಾದರೂ ತಂಬೂರಿಯವನ ಕಡೆಗೆ ತಿರುಗಿದರೆ ಅವನು ತಪ್ಪಿದ್ದಾನೆ ಎಂದೇ ಅರ್ಥವೆಂದು ತಂದೆ ಹೇಳಿಕೊಟ್ಟಿದ್ದರು. ಭೌತಶಾಸ್ತ್ರದಲ್ಲಿ ಎಂ.ಎಸ್ಸಿ. ಮಾಡುವಾಗ ವಾಮನ ಪ್ರಯೋಗಾಲಯದ ಆಂದೋಲಕಗಳನ್ನು, ಎಂದರೆ ಬೇಕಾದ ಸ್ವರ ಹುಟ್ಟಿಸುವ ವಿದ್ಯುತ್ ಯಂತ್ರಗಳನ್ನು, ತಂಬೂರಿಯ ಶ್ರುತಿಗೆ ಕೂಡಿಸಿ, ಗಂಟೆಗಟ್ಟಲೆ ನಿಧಾನವಾಗಿ ಬಣ್ಣ ಬದಲಿಸುವ ಧ್ವನಿಗಳನ್ನು ಕಟ್ಟತೊಡಗಿದರು. ಅವುಗಳಲ್ಲಿ ರಾಗವಿರಲಿಲ್ಲ, ತಾಳವಿರಲಿಲ್ಲ, ಆದಿಯಿರಲಿಲ್ಲ. ಕೋಣೆಯ ಬೆಳಕು ಸಂಜೆಗೆ ತಿರುಗುವಂತೆ ಅವು ತಿರುಗುತ್ತಿದ್ದವು. ಆಸ್ಪತ್ರೆಗಳ ಕಾಯುವ ಕೋಣೆಗಳು, ವಿಮಾನ ನಿಲ್ದಾಣಗಳು, ಹೊರದೇಶದ ವಸ್ತುಸಂಗ್ರಹಾಲಯಗಳು ಅವರಿಂದ ಧ್ವನಿ ಬರೆಸಿಕೊಂಡವು. ಲಕ್ಷಾಂತರ ಜನ ಅವರ ಸಂಗೀತದೊಳಗೆ ಕುಳಿತೆದ್ದು ಹೋಗಿದ್ದರು; ಕೇಳಿದೆವೆಂದು ಅವರಲ್ಲಿ ಹೆಚ್ಚಿನವರಿಗೆ ನೆನಪಿರಲಿಲ್ಲ. ಹುದ್ದಾರರಿಗೆ ಅದಕ್ಕಿಂತ ದೊಡ್ಡ ಪ್ರಶಸ್ತಿ ಬೇಕಿರಲಿಲ್ಲ.

ಶೀಗೆಹಳ್ಳದಲ್ಲಿ ಅವರು ಮಾಡಿದ್ದು ಸರಳವಾಗಿತ್ತು. ಮಣ್ಣಿನೊಳಗಿನ ಪ್ರತಿಯೊಂದು ತಂತಿಗೂ ಒಂದು ಸ್ಥಾನ ಕೊಟ್ಟರು. ಕೆಲವಕ್ಕೆ ಷಡ್ಜ, ಕೆಲವಕ್ಕೆ ಪಂಚಮ, ಮೇಲಿನ ಸಾಲಿಗೆ ತಾರ ಷಡ್ಜ. ಅಣೆಕಟ್ಟು ಆರೋಗ್ಯವಾಗಿರುವಷ್ಟು ಕಾಲ ಎಲ್ಲವೂ ಸೇರಿ ಒಂದು ಅಗಾಧವಾದ ತಂಬೂರಿಯಂತೆ ನುಡಿಯುತ್ತಿದ್ದವು. ಎಲ್ಲಿಯಾದರೂ ಬಿರುಕು ಬಿಟ್ಟು ನೀರು ನುಗ್ಗಿದರೆ ಆ ಭಾಗದ ತಂತಿ ಮಿಕ್ಕವುಗಳಿಂದ ಬೇರ್ಪಟ್ಟು ಕಿವಿಗೆ ಚುಚ್ಚುತ್ತಿತ್ತು. ಎರಡು ಸಲ ಹಾಗೆ ಚುಚ್ಚಿದ್ದೂ ಉಂಟು. ಎರಡು ಸಲವೂ ಬಿರುಕು ಸಣ್ಣದಿರುವಾಗಲೇ ಸಿಕ್ಕಿತು.

ಕೆಳಗಿನ ಊರು ಹೊಳೆಗಟ್ಟಿ. ಅಲ್ಲಿಯ ಸಮುದಾಯ ರೇಡಿಯೋ ಕಾರ್ಯಕ್ರಮಗಳ ನಡುವೆ ಈ ಧ್ವನಿಯನ್ನು ನೇರವಾಗಿ ಬಿತ್ತರಿಸತೊಡಗಿದ ಮೇಲೆ ಜನ ಅದನ್ನು 'ಕಟ್ಟಿ ಶ್ರುತಿ' ಎಂದು ಕರೆದರು. ದರ್ಜಿಯ ಅಂಗಡಿ, ಹಿಟ್ಟಿನ ಗಿರಣಿ, ಖಾನಾವಳಿ, ಎಲ್ಲೆಡೆ ಸಣ್ಣ ದನಿಯಲ್ಲಿ ಅದು ಹರಿಯುತ್ತಿತ್ತು. ಹಳ್ಳದ ದಂಡೆಯಲ್ಲಿ ಮನೆ ಕಟ್ಟಲು ಹೆದರುತ್ತಿದ್ದವರು ಹೆದರಿಕೆ ಬಿಟ್ಟರು. ಅಣೆಕಟ್ಟು ಶ್ರುತಿಯಲ್ಲಿದೆಯೇ ಎಂದು ಈಗ ಯಾರೂ ಯಾರನ್ನೂ ಕೇಳಬೇಕಾಗಿರಲಿಲ್ಲ.

*

ಆ ಶುಕ್ರವಾರ ಬೆಳಿಗ್ಗೆ, ಅಣೆಕಟ್ಟಿನ ಪಕ್ಕದ ಗುಡ್ಡದ ಮೇಲಿನ ಮನೆಯಲ್ಲಿ, ಹುದ್ದಾರರ ಹೆಂಡತಿ ಮಂದಾಕಿನಿ ಅವಲಕ್ಕಿಯ ತಟ್ಟೆಯನ್ನು ಅವರ ಮುಂದಿಟ್ಟರು. ಆಕೆ ಹೊಳೆಗಟ್ಟಿಯ ಶಾಲೆಯಲ್ಲಿ ಸಂಗೀತದ ಶಿಕ್ಷಕಿ.

"ಅಲ್ರೀ, ನಿಮ್ಮ ಕಟ್ಟಿ ಯಾಕೋ ಭಾಳ ಕೆಳಗ ಹಾಡಲಿಕ್ಕತ್ತದ."

"ಮಳಿಗಾಲದಾಗ ಕೆರಿ ತುಂಬಿದ್ರ ಇಳೀತದ, ಮಂದಾ. ವರ್ಷಾ ಇಳೀತದ."

"ವರ್ಷಾ ಬಿಳಿ ಎರಡಕ್ಕ ಬಂದು ನಿಲ್ತದ. ಈ ಸಲ ಕರಿ ಒಂದನ್ನೂ ದಾಟ್ಯದ." ಹಾರ್ಮೋನಿಯಮ್ಮಿನ ಮನೆಗಳ ಲೆಕ್ಕದಲ್ಲಿ ಅದು ಒಂದು ಸ್ವರದಷ್ಟು ಇಳಿತ.

"ನಿನ್ನ ಪೆಟ್ಟಿಗಿ ಥಂಡಿ ಹವಾಕ್ಕ ಕೆಟ್ಟಿರಬೇಕು."

"ಪೆಟ್ಟಿಗಿ ಕೆಟ್ಟದ ಅಂತನ ಇಟ್ಕೋರಿ. ಮೂರನೇತ್ತೆ ಹುಡುಗೂರ ಗಂಟಲಾನೂ ಕೆಟ್ಟದೇನು? ಪ್ರಾರ್ಥನಾಕ್ಕ ನಿಮ್ಮ ಶ್ರುತೀನ ಹಚ್ತೀನಿ. ಕೆಳಗಿನ ಪಂಚಮ ಒಬ್ಬರಿಗೂ ಹತ್ತವಲ್ದು, ಬರೇ ಗಾಳಿ ಬಿಡ್ತಾವ. ನಿನ್ನೆ ಹೆಡ್‌ಮಾಸ್ತರು ಕೇಳಿದ್ರು, 'ಯಾಕ್ರಿ ಬಾಯಾರ, ಮಕ್ಕಳು ಉಪವಾಸ ಅದಾವೇನು' ಅಂತ."

ಹುದ್ದಾರರು ನಕ್ಕರು. "ಷಡ್ಜಕ್ಕ ಊರಿಲ್ಲ, ಮನಿಯಿಲ್ಲ. ಎಲ್ಲಿ ಕೂತ್ರ ಅದನ ಅದರ ಜಾಗಾ. ನೀನೂ ಅಷ್ಟು ಕೆಳಗ ಇಳೀಬೇಕು."

"ನಾ ಇಳೀತೀನಿ, ಹುಡುಗೂರು ಇಳೀಯೂದಿಲ್ಲ." ಮಂದಾಕಿನಿ ಚೀಲ ಹೆಗಲಿಗೇರಿಸಿದರು. "ಇಷ್ಟು ವರ್ಷ ಜನಕ್ಕ ಗೊತ್ತಾಗಧಂಗ ಬಾರಿಸಿದ್ರಿ. ಈಗ ನಿಮಗೂ ಗೊತ್ತಾಗಧಂಗ ಬಾರಸ್ಲಿಕ್ಕತ್ತೀರಿ. ಅವಲಕ್ಕಿ ಆರ್ತದ, ತಿನ್ರಿ."

ಆಕೆ ಬಸ್ಸಿಗೆ ಇಳಿದುಹೋದ ಮೇಲೆ ಹುದ್ದಾರರು ಅಡುಗೆಮನೆಯ ರೇಡಿಯೋದ ದನಿಯನ್ನು ತುಸು ಏರಿಸಿ, ಸುಮ್ಮನೆ ಅದರೊಂದಿಗೆ ಷಡ್ಜ ಹಿಡಿದರು. ಅದು ಸುಲಭವಾಗಿ ಹತ್ತಿತು. ಪಂಚಮಕ್ಕೆ ಏರಿದರು, ತಾರ ಷಡ್ಜಕ್ಕೆ ಏರಿದರು. ಗಂಟಲು ಎಲ್ಲಿಯೂ ತಡೆಯಲಿಲ್ಲ. ಅರವತ್ತು ದಾಟಿದ ತಮ್ಮ ಗಂಟಲು ತಾರ ಷಡ್ಜದಲ್ಲಿ ಹೀಗೆ ನಿಂತು ಎಷ್ಟೋ ವರ್ಷಗಳಾಗಿದ್ದವು.

ಅವರು ಹಾಡುವುದನ್ನು ನಿಲ್ಲಿಸಿದರು.

ತಂದೆ ಜೊತೆಗಿದ್ದ ಗಾಯಕರಿಗೆ ವಯಸ್ಸಾದಾಗ ತಂಬೂರಿಯವರೆಲ್ಲ ಬಲ್ಲ ಒಂದು ಉಪಾಯವಿತ್ತು. ಎರಡು ಹಾಡುಗಳ ನಡುವೆ, ಸಭೆ ಕೆಮ್ಮಿ ಸರಿದು ಕೂಡುವಷ್ಟರಲ್ಲಿ, ನಾಲ್ಕೂ ತಂತಿಗಳನ್ನು ಕೂದಲೆಳೆಯಷ್ಟು ಇಳಿಸಿಬಿಡುವುದು. ಮತ್ತೊಂದು ವಿರಾಮದಲ್ಲಿ ಇನ್ನಷ್ಟು. ನಾಲ್ಕೂ ಒಟ್ಟಿಗೆ ಇಳಿದುದರಿಂದ ಶ್ರುತಿ ಕೆಡುತ್ತಿರಲಿಲ್ಲ. ಗಾಯಕರು ಕಡೆಯವರೆಗೂ ತಾರ ಷಡ್ಜವನ್ನು ಮುಟ್ಟುತ್ತಿದ್ದರು. ದನಿ ಸ್ವಲ್ಪವೂ ಕುಂದಿಲ್ಲವೆಂದು ಜನ ಕೊಂಡಾಡುತ್ತ ಮನೆಗೆ ಹೋಗುತ್ತಿದ್ದರು.

ಅಣೆಕಟ್ಟಿನ ಷಡ್ಜವನ್ನು ಗೊತ್ತುಮಾಡುವಾಗ ಹುದ್ದಾರರು ಯೋಚಿಸಿಯೂ ಇರಲಿಲ್ಲ, ಅವರ ಕೈ ತಾನಾಗಿ ಆ ದಾರಿ ಹಿಡಿದಿತ್ತು. ಎಲ್ಲ ತಂತಿಗಳ ಸರಾಸರಿಯೇ ಷಡ್ಜ. ಪ್ರತಿ ತಂತಿಯನ್ನೂ ಅದರೊಂದಿಗೆ ಮಾತ್ರ ಹೋಲಿಸುವುದು. ಪಿಯಾನೋದ ಮುಂದೆ ಬೆಳೆದವನೊಬ್ಬ ಈ ಕೆಲಸ ಮಾಡಿದ್ದರೆ ಮೊದಲು ಒಂದು ಕದಲದ ಸ್ವರವನ್ನು ನೆಡುತ್ತಿದ್ದ. ತಂಬೂರಿಯವನ ಮಗನಿಗೆ ಅದರ ಅಗತ್ಯ ತೋರಿರಲಿಲ್ಲ. ಒಂದು ತಂತಿ ಜಾರಿದರೆ ಇಡೀ ಕೊಠಡಿಗೆ ಕೇಳುತ್ತಿತ್ತು. ಎಲ್ಲವೂ ಒಟ್ಟಿಗೆ ಜಾರಿದರೆ?

ಅವಲಕ್ಕಿ ತಟ್ಟೆಯಲ್ಲಿಯೇ ಉಳಿಯಿತು.

*

ನಿಯಂತ್ರಣ ಕೊಠಡಿಯಲ್ಲಿ ಕಾರ್ಯಪಾಲಕ ಎಂಜಿನಿಯರ್ ಬಸಲಿಂಗಪ್ಪ ಮೆಣಸಿನಕಾಯಿಯವರು ಚಹಾ ಕುಡಿಯುತ್ತಿದ್ದರು. ಪಾಳಿಯ ಎಂಜಿನಿಯರ್ ಪರ್ವೀನ್ ನದಾಫ್ ಕಂಪ್ಯೂಟರ್ ಪರದೆಗಳ ಮುಂದಿದ್ದಳು. ಪರದೆಗಳ ಮೇಲೆ ಗೆರೆಗಳೆಲ್ಲ ಸಮತಟ್ಟಾಗಿದ್ದವು. ಧ್ವನಿವ್ಯವಸ್ಥೆ ಯಶಸ್ವಿಯಾದ ಮೇಲೆ ಗೆರೆಗಳನ್ನೂ ಅದೇ ಸರಾಸರಿಯಿಂದ ಎಳೆಯುವಂತೆ ಮಾಡಲಾಗಿತ್ತು. ಕಿವಿಗೂ ಕಣ್ಣಿಗೂ ಒಂದೇ ಸಾಕ್ಷಿ ಸಿಗಲಿ ಎಂದು.

"ಬರ್ರಿ ಹುದ್ದಾರ ಸಾಹೇಬ್ರ," ಎಂದರು ಮೆಣಸಿನಕಾಯಿ. "ಕೇಳ್ರಿ, ನಿಮ್ಮ ಕಟ್ಟಿ ಹೆಂಗ ಗೊರಕಿ ಹೊಡ್ಯಾಕತ್ತೇತಿ. ಚಾ ಹೇಳ್ಲೇನು?"

"ಕೆರಿ ತುಂಬಿ ಎಷ್ಟು ದಿನಾ ಆತು?"

ಪರ್ವೀನ್ ತಿರುಗಿದಳು. "ಗಣೇಶ ಚೌತಿ ಮುಂದನ ತುಂಬೇತ್ರಿ ಸರ. ಅವತ್ತಿಂದ ಬಂದಷ್ಟು ನೀರು ಬಿಡಾಕತ್ತೇವ್ರಿ. ಮಟ್ಟ ಒಂದು ಬೆರಳೂ ಸರದಿಲ್ಲ."

"ಮಟ್ಟ ನಿಂತದ. ಷಡ್ಜ ಯಾಕ ನಿಂತಿಲ್ಲ?"

ಇಬ್ಬರೂ ಅವರನ್ನು ನೋಡಿದರು. ಕೊಠಡಿಯಲ್ಲಿ ಅಣೆಕಟ್ಟು ಗಂಭೀರವಾಗಿ, ತುಂಬು ಶ್ರುತಿಯಲ್ಲಿ ನುಡಿಯುತ್ತಿತ್ತು.

"ಒಂದಾರ ಅಪಸ್ವರ ಐತೇನ್ರಿ ಇದರಾಗ?" ಎಂದರು ಮೆಣಸಿನಕಾಯಿ.

"ಇಲ್ಲ. ಅದನ ನನಗ ಅಂಜಿಕಿ. ಪರ್ವೀನ್, ಸರಾಸರಿ ತಗದುಬಿಡು. ತಂತಿಗೋಳ ಮೂಲ ಅಂಕಿ ತೋರ್ಸು. ಹಿಂದಿನ ಮಳಿಗಾಲಗೋಳ ಜೋಡಿ."

ಆಕೆ ನಾಲ್ಕು ಕೀಲಿ ಒತ್ತಿದಳು. ಹಿಂದಿನ ವರ್ಷಗಳ ಗೆರೆಗಳು ಕೆರೆ ತುಂಬುವವರೆಗೆ ಇಳಿದು, ತುಂಬಿದ ಮೇಲೆ ನೆಟ್ಟಗೆ ನಿಂತಿದ್ದವು. ಈ ವರ್ಷದ ಗೆರೆ ತುಂಬಿದ ಮೇಲೂ ಇಳಿದಿತ್ತು. ಅವಸರವಿರಲಿಲ್ಲ ಅದಕ್ಕೆ. ಇಳಿಯುತ್ತಲೇ ಇತ್ತು.

ಮೆಣಸಿನಕಾಯಿ ಲೋಟವನ್ನು ಮೇಜಿನ ಮೇಲಿಟ್ಟರು. "ಪರ್ವೀನ್, ಸೋರಿಕಿ ಎಷ್ಟೈತಿ?"

"ಭಾಳ ಕಮ್ಮಿ ಆಗೇತ್ರಿ ಸರ. ನೀವ ಪೇಡೆ ಹಂಚಿದ್ರೆಲ್ರಿ ಅದಕ್ಕ, ಚೀಫ್ ಸಾಹೇಬ್ರು ಬಂದಾಗ..." ಮಾತು ಮುಗಿಯುವ ಮೊದಲೇ ಆಕೆಗೂ ಅರ್ಥವಾಯಿತು.

ಸೋರದ ಮಣ್ಣಿನ ಅಣೆಕಟ್ಟಿಲ್ಲ. ಒಳಕ್ಕೆ ನುಸುಳಿದ ನೀರನ್ನು ಮರಳಿನ ಪದರವೊಂದು ಸೋಸಿ, ಕೊಳವೆಗಳ ಮೂಲಕ ಬುಡಕ್ಕೆ ಹರಿಸುತ್ತದೆ. ಸೋರಿಕೆ ಕಡಿಮೆಯಾಗುವುದು ಶುಭಸೂಚನೆಯೇ, ಒಳಗಿನ ಒತ್ತಡವೂ ಕಡಿಮೆಯಾಗಿದ್ದರೆ. ಒತ್ತಡ ಏರಿ ಸೋರಿಕೆ ಇಳಿದರೆ ಅರ್ಥ ಒಂದೇ: ದಾರಿ ಮುಚ್ಚಿದೆ. ಕಬ್ಬಿಣದ ಅಂಶವಿರುವ ನೀರಿನಲ್ಲಿ ಬೆಳೆಯುವ ಕೆಂಪು ಲೋಳೆ ಕೊಳವೆಗಳನ್ನು ತುಂಬಿಕೊಂಡಿತ್ತೆಂಬುದು ಮುಂದೆ ಅಗೆದಾಗ ತಿಳಿಯಿತು. ಆ ಬೆಳಿಗ್ಗೆ ತಿಳಿದದ್ದು, ಹೊರಗೆ ಬರಬೇಕಾದ ನೀರು ವಾರಗಳಿಂದ ಅಣೆಕಟ್ಟಿನ ಮೈಯೊಳಗೆ ಎಲ್ಲೆಡೆ ಸಮನಾಗಿ ಏರುತ್ತಿದೆ ಎಂಬುದು ಮಾತ್ರ.

ಮೂವರೂ ಜೀಪಿನಲ್ಲಿ ಕೆಳಗಿನ ಇಳಿಜಾರಿಗೆ ಹೋದರು. ನಡುಮಟ್ಟದಲ್ಲಿ ಹುಲ್ಲು ಒಂದು ಉದ್ದನೆಯ ಪಟ್ಟಿಯಾಗಿ ದಟ್ಟ ಹಸಿರಾಗಿತ್ತು. ಮೆಣಸಿನಕಾಯಿ ಅದರ ಮೇಲೆ ಕಾಲಿಟ್ಟಾಗ ಬೂಟು ಕಣಕಾಲಿನವರೆಗೆ ಹೂತಿತು. ಇನ್ನೂ ಸ್ವಲ್ಪ ಆಚೆ, ಬುಡಕ್ಕಿಂತ ಎಷ್ಟೋ ಮೇಲೆ, ನೀರು ಬುಗ್ಗೆಯಂತೆ ಜಿನುಗುತ್ತಿತ್ತು. ಪರ್ವೀನ್ ತನ್ನ ನೀರಿನ ಬಾಟಲಿ ಬರಿದುಮಾಡಿ ಅದನ್ನು ಹಿಡಿದು ಬೆಳಕಿಗೆತ್ತಿದಳು. ನೀರು ಚಹಾದ ಬಣ್ಣಕ್ಕಿತ್ತು.

ತಿಳಿ ನೀರಾದರೆ ಹೊರಬಂದದ್ದು ಬರೀ ನೀರು. ಕದಡಿದ್ದರೆ ಮಣ್ಣೂ ಹೊರಟಿದೆ ಎಂದರ್ಥ.

"ನಡೀರಿ ಮ್ಯಾಲ," ಎಂದರು ಮೆಣಸಿನಕಾಯಿ. ಅವರ ದನಿಯಲ್ಲಿ ತಮಾಷೆಯ ಗುರುತೂ ಉಳಿದಿರಲಿಲ್ಲ.

*

ಅಣೆಕಟ್ಟಿನ ಬಾಗಿಲುಗಳನ್ನು ಎತ್ತಲು ಆದೇಶವಾಯಿತು. ಆದರೆ ಒಮ್ಮೆಲೇ ಎತ್ತುವಂತಿರಲಿಲ್ಲ. ಕೆರೆಯ ನೀರು ಥಟ್ಟನೆ ಇಳಿದರೆ ಒದ್ದೆ ಮಣ್ಣಿಗೆ ಒಳಬದಿಯಿಂದ ಒರಗಲು ಆಸರೆ ತಪ್ಪಿ ಅತ್ತಕಡೆಯೇ ಕುಸಿಯುತ್ತದೆ. ಇಳಿಸುವುದು ಮೆಲ್ಲಗೆ, ಇಡೀ ದಿನದ ಕೆಲಸ. ಅಷ್ಟರೊಳಗೆ ಅಣೆಕಟ್ಟು ತಡೆಯದಿದ್ದರೆ ಹೊಳೆಗಟ್ಟಿಗೆ ಉಳಿಗಾಲವಿರಲಿಲ್ಲ. ಅಂದು ಹಳ್ಳದ ದಂಡೆಯ ಬಯಲಿನಲ್ಲಿ ವಾರದ ಸಂತೆ. ಶಾಲೆ ಆ ಬಯಲಿಗೆ ಹೊಂದಿಕೊಂಡೇ ಇತ್ತು.

ಹಳೆಯ ಸೈರನ್ ಕಂಬವನ್ನು ಧ್ವನಿವ್ಯವಸ್ಥೆ ಬಂದ ಮರುವರ್ಷ ಕಿತ್ತಿದ್ದರು. ಪುರಸಭೆಯ ಆಟೋ ಧ್ವನಿವರ್ಧಕ ಕಟ್ಟಿಕೊಂಡು ಸಂತೆಯ ಸುತ್ತ ತಿರುಗತೊಡಗಿತು. ಹುದ್ದಾರರು ಹೆಂಡತಿಗೆ ಫೋನ್ ಹಚ್ಚಿದರು.

"ಮಂದಾ, ಹುಡುಗೂರನ್ನ ಕರ್ಕೊಂಡು ಗುಡ್ಡಾ ಹತ್ತು. ಈಗಿಂದೀಗ."

ಅವರು ಕಾರಣ ಹೇಳಿದರು. ಆಕೆ ಕೇಳಿ ಮುಗಿಸಿ ಹೆಡ್‌ಮಾಸ್ತರರ ಕೋಣೆಗೆ ನಡೆದದ್ದು, ಫೋನನ್ನು ಅವರ ಮೇಜಿನ ಮೇಲಿಟ್ಟದ್ದು ಹುದ್ದಾರರಿಗೆ ಕೇಳಿಸುತ್ತಿತ್ತು. ಅಲ್ಲಿಯೂ ರೇಡಿಯೋ ಹಾಡುತ್ತಿತ್ತು.

"ಅಲ್ರಿ ಬಾಯಾರ," ಹೆಡ್‌ಮಾಸ್ತರರ ದನಿ ಸಮಾಧಾನವಾಗಿತ್ತು, "ಕಟ್ಟಿ ಶ್ರುತಿ ಸುದ್ದ ಐತೆಲ್ಲ, ನೀವ ಕೇಳ್ರಿ. ಸಂಗೀತದವರು ನೀವು, ನಿಮಗ ನಾ ಹೇಳಬೇಕೇನು? ಹೋದ ವರ್ಷನೂ ಯಾರೋ ಹಿಂಗ ಪುಕಾರ ಎಬ್ಬಿಸಿದ್ರು. ಓಡಾಟದಾಗ ಕೂಸು ಬಿದ್ದು ಕೈಕಾಲು ಮುರಕೊಂಡ್ರ ಅವರಪ್ಪಗ ಯಾರು ಉತ್ತರ ಕೊಡೋರು?"

ಮಂದಾಕಿನಿ ಫೋನನ್ನು ಎತ್ತಿಕೊಂಡು ಹೊರಗೆ ಬಂದರು. "ಕೇಳಿದ್ರೆಲ್ಲ? ಸಂತಿಯೊಳಗೂ ಹಿಂಗನ ಅದ. ಆಟೋದವಗ ಜನಾ ರೇಡಿಯೋ ತೋರಸ್ಲಿಕ್ಕತ್ತಾರ."

"ನೀ ಆದ್ರೂ..."

"ಮಕ್ಕಳನ್ನ ಬಿಟ್ಟು ನಾ ಎಲ್ಲಿಗೆ ಹೋಗ್ಲಿ? ನಿಮ್ಮ ಕಟ್ಟಿಗೆ ಹೇಳ್ರಿ. ಅದರ ಮಾತು ಕೇಳ್ತಾರ ಇವರು, ನಂದಲ್ಲ."

ಫೋನನ್ನು ಚಾಲೂ ಇಟ್ಟುಕೊಂಡೇ ಹುದ್ದಾರರು ಧ್ವನಿಫಲಕದ ಮುಂದೆ ಕುಳಿತರು.

"ರೇಡಿಯೋ ಬಂದ ಮಾಡಿಸೂನ್ರಿ ಸರ," ಎಂದಳು ಪರ್ವೀನ್.

"ಕರೆಂಟು ಹೋತು ಅಂತಾರ."

"ಸೈರನ್ ಧ್ವನಿ ಬಿಡೂನ್ರಿ ಹಂಗಾರ."

"ಜಾಹೀರಾತು ಅಂತಾರ. ಅವರು ನಂಬೂದು ಈ ತಂತಿಗೋಳನ್ನ. ತಂತಿಗೋಳ ಬಾಯಿಂದನ ಬರಬೇಕು."

ಸರಾಸರಿಯ ಲೆಕ್ಕವನ್ನು ಕಿತ್ತೊಗೆದರೂ ಪ್ರಯೋಜನವಿರಲಿಲ್ಲ. ತಂತಿಗಳು ಒಟ್ಟಿಗೇ ಇಳಿದಿದ್ದುದರಿಂದ ಮೂಲಸ್ವರಗಳೂ ಹೆಚ್ಚುಕಡಿಮೆ ಇಷ್ಟೇ ಇಂಪಾಗಿದ್ದವು. ಅವುಗಳ ಪರಸ್ಪರ ಸಂಬಂಧದಲ್ಲಿ ಎಲ್ಲಿಯೂ ಸುಳ್ಳಿರಲಿಲ್ಲ. ಹೋಲಿಸಿ ನೋಡಲು ಎದುರಿಗೆ ಏನೂ ಇಲ್ಲದ್ದೇ ಅವುಗಳ ಕೊರತೆಯಾಗಿತ್ತು. ಎರಡು ಹತ್ತಿರದ ಸ್ವರಗಳು ಒಟ್ಟಿಗೆ ನುಡಿದರೆ ಒಂದರ ಅಲೆ ಇನ್ನೊಂದರ ಅಲೆಯನ್ನು ಒಮ್ಮೆ ಎತ್ತುತ್ತದೆ, ಒಮ್ಮೆ ತುಳಿಯುತ್ತದೆ; ಕಿವಿಗೆ ಅದು ಮಿಡಿತವಾಗಿ ಕೇಳುತ್ತದೆ. ಅಂತರ ಹೆಚ್ಚಿದಷ್ಟೂ ಮಿಡಿತ ಬಿರುಸು.

"ಪರ್ವೀನ್, ಇಷ್ಟು ನೀರಿದ್ದಾಗ ಹಿಂದಿನ ವರ್ಷಗೋಳಾಗ ಷಡ್ಜ ಎಲ್ಲಿ ನಿಂತಿತ್ತು, ಅದರ ಅಂಕಿ ಹೇಳು."

ಆಕೆ ಹೇಳಿದಳು. ಹುದ್ದಾರರು ಆ ಅಂಕಿಗೆ ಒಂದು ಆಂದೋಲಕವನ್ನು ಕಟ್ಟಿದರು. ಇರುವ ಷಡ್ಜದ ಎದುರಿಗೆ ಇರಬೇಕಾದ ಷಡ್ಜ.

ಮೆಣಸಿನಕಾಯಿ ಅವರ ಹಿಂದೆ ನಿಂತಿದ್ದರು. "ಸಾಹೇಬ್ರ, ಇದನ್ನ ಒಮ್ಮೆ ಬಿಟ್ರಿ ಅಂದ್ರ ಇಷ್ಟು ವರ್ಷದ ನಿಮ್ಮ ಹೆಸರಿನ ಗತಿ ಏನಾಕ್ಕೈತಿ ಅನ್ನೂದು ಗೊತ್ತೈತೆಲ್ರಿ? ನಿಮ್ಮ ಸಂಗೀತ ಕೇಳಿದ್ರ ಜನಾ ಎದ್ದು ಓಡ್ತಾರ ಇನ್ನ."

"ಓಡ್ಲಿ ಅಂತನ ಬಿಡ್ಲಿಕ್ಕತ್ತೀನಿ."

ಅವರ ಬೆರಳು ಧ್ವನಿಮಟ್ಟದ ಜಾರುಗುಂಡಿಯನ್ನು ಮೇಲಕ್ಕೆ ತಳ್ಳತೊಡಗಿತು. ಮೆಲ್ಲಗೆ, ಬಲು ಮೆಲ್ಲಗೆ. ಪರ್ವೀನ್ ಕಿವಿಗೊಟ್ಟಳು. ಏನೂ ಬದಲಾಗಲಿಲ್ಲ. ಒಂದು ನಿಮಿಷ ಕಳೆದರೂ ಏನೂ ಬದಲಾದಂತೆ ತೋರಲಿಲ್ಲ. ಹುದ್ದಾರರು ತಮ್ಮ ಕೈಯನ್ನು ನೋಡಿಕೊಂಡರು. ಅವರು ಬರೆದ ಯಾವ ಸ್ವರವೂ ಎಂದೂ ಯಾರ ಗಮನಕ್ಕೂ ಬರುವಂತೆ ಪ್ರವೇಶಿಸಿರಲಿಲ್ಲ. ಕೈ ಇಂದೂ ತನ್ನ ಅಭ್ಯಾಸವನ್ನೇ ಮಾಡುತ್ತಿತ್ತು, ಊರಿಗೆ ಅರಿವಾಗದಷ್ಟು ನಯವಾಗಿ ಅಪಾಯವನ್ನು ಒಳತರುತ್ತಿತ್ತು. ಅವರು ಗುಂಡಿಯನ್ನು ಪೂರ್ತಿ ಕೆಳಕ್ಕೆಳೆದರು. ಬೆರಳೆತ್ತಿ, ಅಂಗೈಯ ಬುಡದಿಂದ, ಒಂದೇ ಏಟಿಗೆ ತುದಿಯವರೆಗೆ ನೂಕಿದರು.

ಕೊಠಡಿ ಗುಡುಗಿದಂತಾಯಿತು. ಷಡ್ಜದ ಮೇಲೆ ಷಡ್ಜ ಬಿದ್ದು ಉಜ್ಜಿತು. ಮೇಲಿನ ಸಪ್ತಕಗಳಲ್ಲಿ ಅದೇ ಘರ್ಷಣೆ ಇಮ್ಮಡಿಯಾಗಿ, ನಾಲ್ಮಡಿಯಾಗಿ ಹಲ್ಲು ಕಡಿಯಿತು. ಎಣಿಸಲಾಗದಷ್ಟು ಬಿರುಸಿನ ಮಿಡಿತ. ಎದೆಗೂಡಿನೊಳಗೆ ಯಾರೋ ಗರಗಸ ಆಡಿಸಿದಂತೆ. ಮೇಜಿನ ಮೇಲಿನ ಚಹಾದ ಲೋಟದಲ್ಲಿ ಉಂಗುರಗಳೆದ್ದವು. ಪರ್ವೀನ್ ಎರಡೂ ಕಿವಿಗಳನ್ನು ಮುಚ್ಚಿಕೊಂಡಳು.

ಹುದ್ದಾರರು ಫೋನನ್ನು ಕಿವಿಗೊತ್ತಿದರು. ಮೊದಲು ಸಂತೆಯ ಗದ್ದಲ. ಯಾರೋ ಬದನೆಕಾಯಿಯ ದರ ಕೂಗುತ್ತಿದ್ದ. ಆಮೇಲೆ ಅವರದೇ ಧ್ವನಿ, ಒಂದು ರೇಡಿಯೋದಿಂದ, ಇನ್ನೊಂದರಿಂದ, ಸಂತೆಯ ಸಾಲುಸಾಲುಗಳಿಂದ. ದರ ಕೂಗುತ್ತಿದ್ದವನ ದನಿ ಅರ್ಧಕ್ಕೆ ನಿಂತಿತು. ಒಂದೊಂದಾಗಿ ಮಿಕ್ಕ ದನಿಗಳೂ ನಿಂತವು. ಸಾವಿರಾರು ಜನರಿರುವ ಬಯಲಿನಲ್ಲಿ ಆ ಕರ್ಕಶವೊಂದೇ ಉಳಿಯಿತು.

"ಏನಾತೋ ಇದಕ್ಕ?" ಹತ್ತಿರದಲ್ಲೇ ಒಬ್ಬ ಮುದುಕಿಯ ದನಿ.

"ಕಟ್ಟಿ ಕೆಟ್ಟೈತಿ," ಎಂದಿತು ಇನ್ನೊಂದು ದನಿ. ಅದು ಕೂಗಾಯಿತು. "ಕಟ್ಟಿ ಕೆಟ್ಟೈತಿ! ಮುದುಕಿ, ಬುಟ್ಟಿ ಬಿಡ ಅಲ್ಲೇ! ಏಳ!"

ಬಳಿಕ ಕಾಲುಗಳ ಸಪ್ಪಳ. ಶಾಲೆಯ ಗಂಟೆ ಎಡೆಬಿಡದೆ ಬಾರಿಸತೊಡಗಿತು. ಮಂದಾಕಿನಿಯ ದನಿ ಫೋನಿನಿಂದ ದೂರವಾಗಿ, ಅಧಿಕಾರಯುತವಾಗಿ ಕೇಳಿಸಿತು. "ಕೈ ಹಿಡ್ಕೋರಿ! ಜೋಡಿ ಜೋಡಿ! ಚೀಲಾ ಅಲ್ಲೇ ಬಿಡ್ರಿ! ಮಾಸ್ತರ, ನೀವು ಹಿಂದ ಬರ್ರಿ, ಒಂದು ಕೂಸೂ ಉಳೀಬಾರದು!"

ಕರೆ ಕಡಿದುಹೋಯಿತು.

*

ಸಂಜೆಯ ಬೆಳಕಿರುವಾಗಲೇ ಕೆಳಗಿನ ಇಳಿಜಾರಿನ ಒಂದು ಭಾಗ ಜಾರಿತು. ಹಸಿರು ಹುಲ್ಲಿನ ಪಟ್ಟಿ ಇಡಿಯಾಗಿ, ಹಾಸಿಗೆಯ ಮೇಲಿನ ಚಾದರ ಸರಿದಂತೆ ಕೆಳಗೆ ಸರಿಯಿತು. ಜಾರಿದ ಜಾಗದಲ್ಲಿ ಅಣೆಕಟ್ಟಿನ ಎದೆ ಹಸಿ ಮಣ್ಣಾಗಿ ತೆರೆದುಕೊಂಡಿತು. ಅಷ್ಟರಲ್ಲಿ ಕೆರೆಯ ಮಟ್ಟ ಸಾಕಷ್ಟು ಇಳಿದಿತ್ತು. ಉಳಿದ ಮಣ್ಣು ಉಳಿದ ನೀರನ್ನು ತಡೆಯಿತು. ತೆರೆದ ಬಾಗಿಲುಗಳಿಂದ ಹೊರಟ ನೀರು ಸಂತೆಯ ಬಯಲನ್ನು ಮುಳುಗಿಸಿ, ಶಾಲೆಯ ಕಿಟಕಿಗಳವರೆಗೆ ಏರಿ, ತರಕಾರಿ ಬುಟ್ಟಿಗಳನ್ನೂ ಮಕ್ಕಳ ಚೀಲಗಳನ್ನೂ ಒಯ್ದಿತು. ಯಾರನ್ನೂ ಒಯ್ಯಲಿಲ್ಲ.

ನೀರು ಇಳಿದಂತೆ, ಎರಡು ಷಡ್ಜಗಳ ಅಂತರ ಕಿರಿದಾದಂತೆ, ಗರಗಸದ ಸದ್ದು ಮಿಡಿತವಾಯಿತು. ದಿನಗಳು ಕಳೆದಂತೆ ಆ ಮಿಡಿತವನ್ನು ಎಣಿಸಲು ಬರುವಂತಾಯಿತು. ಮುಚ್ಚಿದ ಕೊಳವೆಗಳಲ್ಲಿ ಕೆಲವನ್ನು ತೊಳೆಯಲಾಯಿತು, ಕೆಲವನ್ನು ತಲುಪಲೇ ಆಗಲಿಲ್ಲ. ಇಳಿಜಾರಿಗೆ ಹೊಸ ಮರಳು, ಹೊಸ ಕಲ್ಲು ಬಿತ್ತು. ಆದರೂ ಅಂತರ ಪೂರ್ತಿ ಮುಚ್ಚಲಿಲ್ಲ. ನಡೆಯುವವನ ಹೆಜ್ಜೆಯಷ್ಟು ನಿಧಾನವಾದ ಒಂದು ಮಿಡಿತ ಧ್ವನಿಯಲ್ಲಿ ಉಳಿದುಕೊಂಡಿತು. ಮಾಯದ ಗಾಯದ ಅಳತೆ ಅದು.

ಹುದ್ದಾರರ ಧ್ವನಿಗಳನ್ನು ಆಸ್ಪತ್ರೆಗಳು ಒಂದೊಂದಾಗಿ ಕೈಬಿಟ್ಟವು. ಸುದ್ದಿವಾಹಿನಿಗಳು ಆ ಮಧ್ಯಾಹ್ನದ ಸದ್ದನ್ನು ಎಷ್ಟು ಸಲ ಬಿತ್ತರಿಸಿದವೆಂದರೆ, ಅವರ ಹೆಸರು ಕೇಳಿದವರಿಗೆ ಅದೊಂದೇ ನೆನಪಾಗುತ್ತಿತ್ತು. ಹೊಳೆಗಟ್ಟಿಯಲ್ಲಿ ಮಾತ್ರ ಪುರಸಭೆ ಸಭೆ ಸೇರಿ ಶ್ರುತಿಯನ್ನು ಎರಡು ಷಡ್ಜಗಳೊಂದಿಗೇ ಬಿತ್ತರಿಸಬೇಕೆಂದು ತೀರ್ಮಾನಿಸಿತು. ಜನ ಗೊಣಗಿದರು. ಗಿರಣಿಯವನು ತಲೆನೋವೆಂದ. ಮಂದಾಕಿನಿ ಪ್ರಾರ್ಥನೆಗೆ ಹಾರ್ಮೋನಿಯಂ ಒಂದನ್ನೇ ಬಳಸತೊಡಗಿದರು.

"ನಿಮ್ಮ ಶ್ರುತಿ ಕೇಳಿದ್ರ ಮೈಯೆಲ್ಲಾ ನೆಟ್ಟಗಾಗ್ತದ," ಎಂದರು ಒಂದು ದಿನ, ರೇಡಿಯೋದ ಕಡೆ ಕೈಮಾಡಿ. "ಕೂತು ಊಟಾ ಮಾಡ್ಲಿಕ್ಕೂ ಬಿಡೂದಿಲ್ಲ."

"ಛಲೋ ಆತು," ಎಂದರು ಹುದ್ದಾರರು. ಅದು ಅವರ ಹೊಸ ಕೃತಿಗೆ ಸಿಕ್ಕ ಮೊದಲ ವಿಮರ್ಶೆ.

ಬೇಸಿಗೆ ಕಳೆದು ಮತ್ತೆ ಮೋಡ ಕಟ್ಟತೊಡಗಿದ ಒಂದು ಮುಂಜಾನೆ ಅವರು ನಿಯಂತ್ರಣ ಕೊಠಡಿಗೆ ಹೋದರು. ಮಳೆಗಾಲಕ್ಕೆ ಮುನ್ನ ಲೆಕ್ಕಗಳನ್ನೊಮ್ಮೆ ನೋಡಿ, ಆಮೇಲೆ ಧಾರವಾಡಕ್ಕೆ ಮರಳಿ ನೆಲೆಸುವುದೆಂದು ಗಂಡಹೆಂಡಿರು ಮಾತಾಡಿಕೊಂಡಿದ್ದರು. ಪರ್ವೀನ್ ಪರದೆಗಳ ಮುಂದೆ ಕುಳಿತಿದ್ದಳು. ಬಾಗಿಲು ತೆರೆದದ್ದು ಅವಳಿಗೆ ಕೇಳಿಸಲಿಲ್ಲ. ಹುದ್ದಾರರು ಹೊಸ್ತಿಲಲ್ಲೇ ನಿಂತರು.

ಧ್ವನಿಯಲ್ಲಿ ಮಿಡಿತ ಬರುತ್ತಿತ್ತು, ಹೋಗುತ್ತಿತ್ತು. ಪರ್ವೀನಳ ಎಡಗೈ ಮೇಜಿನ ಅಂಚಿನ ಮೇಲಿತ್ತು. ಬೆರಳುಗಳು ಮಿಡಿತಕ್ಕೆ ಸರಿಯಾಗಿ ಬೀಳುತ್ತಿದ್ದವು. ಹೆಬ್ಬೆರಳು, ತೋರುಬೆರಳು, ತೋರುಬೆರಳು, ಹೆಬ್ಬೆರಳು. ಹದಿನಾರು ಮಾತ್ರೆಗಳ ಆವರ್ತ ಮುಗಿದು ಮತ್ತೆ ಸಮಕ್ಕೆ, ತಾಳದ ಮೊದಲ ಪೆಟ್ಟಿಗೆ, ಬಂದಾಗ ಆಕೆಯ ತಲೆ ಸಣ್ಣಗೆ ತೂಗಿತು.

"ಪರ್ವೀನ್."

ಆಕೆ ತಿರುಗಿ ನಕ್ಕಳು. "ಬರ್ರಿ ಸರ. ಮೊದಲು ಭಾಳ ತ್ರಾಸ ಆಕ್ಕಿತ್ರಿ ಇದು. ಈಗ ಛಲೋ ಅನಸ್ತೈತಿ. ಕೆಲಸಕ್ಕೊಂದು ಲಯ ಸಿಕ್ಕಂಗ ಆಗೇತಿ. ಗಿರಣಿಯಾಂವನೂ ಹಂಗ ಅಂತಿದ್ದ."

ಎಚ್ಚರಿಸಬೇಕಾದ ಮಿಡಿತವೂ ಊರಿಗೆ ತಾಳವಾಗಿ ಒಗ್ಗಿಹೋಗಿತ್ತು. ಹುದ್ದಾರರು ಕುರ್ಚಿಯೊಂದನ್ನು ಎಳೆದುಕೊಂಡು ಧ್ವನಿಫಲಕದ ಮುಂದೆ ಕುಳಿತರು.

"ಕೈ ತಗೀಬ್ಯಾಡ," ಎಂದರು. "ಹಂಗ ತಾಳಾ ಹಾಕ್ಕೋತ ಇರು."

ಇರಬೇಕಾದ ಷಡ್ಜವನ್ನು ಅವರು ಒಡೆದರು. ಅದು ಎಡೆಬಿಡದೆ ನುಡಿಯುವ ಬದಲು ತುಣುಕುತುಣುಕಾಗಿ, ಮುಂದಿನ ತುಣುಕು ಯಾವಾಗ ಬಂದೀತೆಂಬುದು ಯಂತ್ರಕ್ಕೂ ಮೊದಲೇ ತಿಳಿಯದಂತೆ ಲೆಕ್ಕ ಹೂಡಿದರು. ಒಮ್ಮೆ ಬೇಗ, ಒಮ್ಮೆ ತಡವಾಗಿ, ಒಮ್ಮೆ ಮೂರು ತುಣುಕು ಒಂದರ ಬೆನ್ನಿಗೊಂದು. ಪರ್ವೀನಳ ಬೆರಳುಗಳು ಅದನ್ನು ಹಿಂಬಾಲಿಸಿದವು, ಸಮವನ್ನು ಊಹಿಸಿ ಬಿದ್ದವು, ಸಿಕ್ಕಿತೆಂದುಕೊಂಡವು, ತಪ್ಪಿದವು. ಹುದ್ದಾರರು ಅವಳ ಕೈಯನ್ನೇ ನೋಡುತ್ತ ಲೆಕ್ಕವನ್ನು ಇನ್ನಷ್ಟು ಕದಡಿದರು.

ಕಡೆಗೆ ಅವಳ ತೋರುಬೆರಳು ಮೇಜಿನಿಂದ ಮೇಲೆದ್ದು, ಎಲ್ಲಿ ಬೀಳಬೇಕೆಂದು ತಿಳಿಯದೆ, ಗಾಳಿಯಲ್ಲಿ ನಿಂತಿತು.